ನಾಳಿನ ಪ್ರಜೆಗಳೋ, ಇಂದಿನ ಪ್ರಜೆಗಳೋ?

ಶಾಲಾ ಕಾಲೇಜುಗಳ ವಾರ್ಷಿಕೋತ್ಸವಗಳಲ್ಲಿ ವೇದಿಕೆಯನ್ನೇರಿದ ಹಿರಿಯರು ವಿದ್ಯಾರ್ಥಿಗಳನ್ನು 'ನಾಳಿನ ಪ್ರಜೆಗಳು' ಎಂದು ಸಂಬೋಧಿಸುವುದು ನಮ್ಮಲ್ಲಿ ವಾಡಿಕೆಯಾಗಿದೆ. ಮಾತು ಪ್ರೀತಿಯಿಂದ ಆಡಿದ್ದೇನೋ ಸರಿ. ಆದರೆ ಅದರೊಳಗೆ ಅಡಗಿರುವ ಭಾವನೆಯನ್ನು ಸ್ವಲ್ಪ ಪರೀಕ್ಷಿಸಿ ನೋಡುವುದು ಅಗತ್ಯ. ನಾಳಿನ ಪ್ರಜೆ ಎಂದ ಮೇಲೆ ಇಂದು ಆತನಿಗಾಗಲಿ ಆಕೆಗಾಗಲಿ ಸಮಾಜದ ವ್ಯವಹಾರದಲ್ಲಿ ಕೆಲಸವಿಲ್ಲವೆಂದಾಯಿತು. ಪಾಠ ಓದುವುದು, ಪರೀಕ್ಷೆಗೆ ಕೂಡುವುದು, ಹಿರಿಯರು ಕಟ್ಟಿ ಮುಗಿಸಿದ ಮನೆಗೆ ಮುಂದೊಂದು ದಿನ ಒಕ್ಕಲು ಬರುವುದು, ಇಷ್ಟೇ ಅವರ ಕರ್ತವ್ಯವೆಂದು ಅದರ ತಾತ್ಪರ್ಯ. ಈ ಎಣಿಕೆ ಸರಿಯಲ್ಲವೆಂದು ನಾವು ಭಾವಿಸುತ್ತೇವೆ. ಅದಕ್ಕೆ ಈಚಿನ ವರ್ಷಗಳಲ್ಲಿ ನಡೆದ ಒಂದು ಸಂಗತಿಯೇ ಸಾಕ್ಷಿ. ನಮ್ಮ ತರುಣ ವಾಚಕರ ಮುಂದೆ ಅದನ್ನು ಇರಿಸಿ, ಅದರಿಂದ ನಾವು ಕಲಿಯಬೇಕಾದುದೇನೆಂಬುದನ್ನು ವಿಚಾರ ಮಾಡೋಣ.

ಆಸ್ಟ್ರೇಲಿಯದ ಪೂರ್ವಕ್ಕೆ, ಪೆಸಿಫಿಕ್ ಮಹಾಸಾಗರದಲ್ಲಿ, ವನುವಾಟು ಎಂಬ ಪುಟ್ಟ ರಾಷ್ಟ್ರವಿದೆ. ಸುಮಾರು 80 ದ್ವೀಪಗಳು, ಸುಮಾರು 3 ಲಕ್ಷ ಜನ. ನಮ್ಮ ಎಷ್ಟೋ ತಾಲ್ಲೂಕುಗಳಲ್ಲಿ ಅಷ್ಟು ಜನರಿದ್ದಾರೆ. 1980ರಲ್ಲಿ ಸ್ವತಂತ್ರವಾದ ಈ ದೇಶಕ್ಕೆ ಚಂಡಮಾರುತಗಳು ಹೊಸವಲ್ಲ. ಆದರೆ 2015ರ ಮಾರ್ಚ್ ತಿಂಗಳಲ್ಲಿ ಎರಗಿದ 'ಪ್ಯಾಮ್' ಎಂಬ ಚಂಡಮಾರುತ ಮಾಡಿದ ಹಾನಿ, ಇಡೀ ದೇಶದ ಒಂದು ವರ್ಷದ ಉತ್ಪತ್ತಿಯ ಅರ್ಧಕ್ಕೂ ಮಿಗಿಲೆಂದು ಅಂದಾಜು ಮಾಡಲಾಯಿತು. ಅದರ ಜೊತೆಗೆ ಸಮುದ್ರದ ಮಟ್ಟ ಮೆಲ್ಲಮೆಲ್ಲಗೆ ಏರುತ್ತಿದೆ. 1901ರಿಂದ 2018ರವರೆಗೆ ಪ್ರಪಂಚದ ಸರಾಸರಿ ಸಮುದ್ರಮಟ್ಟ ಸುಮಾರು 20 ಸೆಂಟಿಮೀಟರು ಏರಿತು. ಕಾದ ನೀರು ಹಿಗ್ಗುತ್ತದೆಂಬುದನ್ನು ಪ್ರೌಢಶಾಲೆಯಲ್ಲಿಯೇ ನಾವು ಕಲಿತಿರುತ್ತೇವೆ. ಆ ನಿಯಮ ಸಮುದ್ರಕ್ಕೂ ಅನ್ವಯಿಸುತ್ತದೆ. ನೆಲದ ಮೇಲಿನ ಹಿಮರಾಶಿ ಕರಗಿ ಬಂದ ನೀರೂ ಅದಕ್ಕೆ ಕೂಡುತ್ತದೆ. ತಗ್ಗಾದ ದ್ವೀಪದಲ್ಲಿ ಮನೆ ಮಾಡಿಕೊಂಡವನಿಗೆ ಇದು ಭೌತಶಾಸ್ತ್ರದ ಪಾಠ ಮಾತ್ರವಾಗಿ ಉಳಿಯದು.

ವನುವಾಟುವಿನ ರಾಜಧಾನಿಯಾದ ಪೋರ್ಟ್ ವಿಲಾದಲ್ಲಿ, ದಕ್ಷಿಣ ಪೆಸಿಫಿಕ್ ವಿಶ್ವವಿದ್ಯಾನಿಲಯಕ್ಕೆ ಸೇರಿದ ಕಾನೂನು ಶಿಕ್ಷಣದ ವಿಭಾಗವಿದೆ. 2019ರಲ್ಲಿ ಅಲ್ಲಿ ಓದುತ್ತಿದ್ದ 27 ಮಂದಿ ವಿದ್ಯಾರ್ಥಿಗಳು ತಮ್ಮ ಪಾಠದ ವಿಷಯವಾಗಿಯೇ ಒಂದು ಪ್ರಶ್ನೆಯನ್ನು ಎತ್ತಿದರು. ಭೂಮಿಯ ವಾಯುಗುಣವನ್ನು ಕೆಡಿಸದಂತೆ ನಡೆದುಕೊಳ್ಳುವ ಹೊಣೆ ರಾಷ್ಟ್ರಗಳಿಗೆ ಕಾನೂನಿನ ಪ್ರಕಾರ ಇದೆಯೇ, ಅಥವಾ ಅದು ಕೇವಲ ಸೌಜನ್ಯದ ಮಾತೇ? ಇದಕ್ಕೆ ಉತ್ತರ ಹೇಳಬಲ್ಲ ಅತ್ಯುನ್ನತ ಪೀಠ ಹಾಲೆಂಡಿನ ಹೇಗ್ ನಗರದಲ್ಲಿರುವ ಅಂತರರಾಷ್ಟ್ರೀಯ ನ್ಯಾಯಾಲಯ. ಆದರೆ ಅದರ ಬಾಗಿಲು ವ್ಯಕ್ತಿಗಳಿಗೆ ತೆರೆಯದು. ವಿಶ್ವಸಂಸ್ಥೆಯ ಸನ್ನದಿನ 96ನೆಯ ವಿಧಿಯಂತೆ ಮಹಾಸಭೆಯು ಕೇಳಿದರೆ ಆ ನ್ಯಾಯಾಲಯ ಸಲಹೆಯ ರೂಪದ ಅಭಿಪ್ರಾಯವನ್ನು ಕೊಡಬಹುದು. ಎಂದರೆ, ಆ ವಿದ್ಯಾರ್ಥಿಗಳು ಮೊದಲು ಒಂದು ಸರ್ಕಾರವನ್ನು ಒಪ್ಪಿಸಬೇಕು. ಆ ಸರ್ಕಾರ ಪ್ರಪಂಚದ ರಾಷ್ಟ್ರಗಳನ್ನು ಒಪ್ಪಿಸಬೇಕು.

ಅವರು ಮಾಡಿದ್ದು ಅದನ್ನೇ. ಸಂಘವೊಂದನ್ನು ಕಟ್ಟಿಕೊಂಡು, ಪೆಸಿಫಿಕ್ ದ್ವೀಪರಾಷ್ಟ್ರಗಳ ನಾಯಕರಿಗೆ ಪತ್ರಗಳನ್ನು ಬರೆದರು. ವನುವಾಟು ಸರ್ಕಾರ ಅವರ ಮಾತಿಗೆ ಕಿವಿಗೊಟ್ಟಿತು. ಇತರ ಖಂಡಗಳ ತರುಣರೂ ಜೊತೆಗೂಡಿದರು. 2023ರ ಮಾರ್ಚ್ 29ರಂದು ಮಹಾಸಭೆಯು ಈ ಪ್ರಶ್ನೆಯನ್ನು ನ್ಯಾಯಾಲಯಕ್ಕೆ ಒಪ್ಪಿಸುವ ನಿರ್ಣಯವನ್ನು ಮತಕ್ಕೆ ಹಾಕುವ ಅಗತ್ಯವಿಲ್ಲದೆಯೇ ಅಂಗೀಕರಿಸಿತು. 2024ರ ಡಿಸೆಂಬರಿನಲ್ಲಿ ನಡೆದ ವಿಚಾರಣೆಯಲ್ಲಿ 90ಕ್ಕೂ ಹೆಚ್ಚು ರಾಷ್ಟ್ರಗಳು ವಾದಿಸಿದವು, ಭಾರತವೂ ಅವುಗಳಲ್ಲೊಂದು. ಹಿಂದಿನಿಂದ ಹೆಚ್ಚು ಹೊಗೆಯುಗುಳಿದ ಮುಂದುವರಿದ ರಾಷ್ಟ್ರಗಳೇ ಹೆಚ್ಚಿನ ಹೊಣೆ ಹೊರಬೇಕೆಂಬುದು ನಮ್ಮ ದೇಶದ ವಾದವಾಗಿತ್ತು. 2025ರ ಜುಲೈ 23ರಂದು ನ್ಯಾಯಾಲಯ ತನ್ನ ಅಭಿಪ್ರಾಯವನ್ನು ಸರ್ವಾನುಮತದಿಂದ ಪ್ರಕಟಿಸಿತು: ವಾಯುಗುಣವನ್ನು ಕಾಪಾಡುವುದು ರಾಷ್ಟ್ರಗಳ ಕಾನೂನುಬದ್ಧ ಹೊಣೆ, ಅದರಲ್ಲಿ ತಪ್ಪಿ ನಡೆಯುವುದು ಅಂತರರಾಷ್ಟ್ರೀಯ ಕಾನೂನಿನ ಉಲ್ಲಂಘನೆಯೆನಿಸಬಹುದು, ಅದರಿಂದ ಹಾನಿಗೊಳಗಾದ ರಾಷ್ಟ್ರಕ್ಕೆ ಸಂದರ್ಭಾನುಸಾರ ಪರಿಹಾರವೂ ಸಲ್ಲಬಹುದು. ತರಗತಿಯಲ್ಲಿ ಹುಟ್ಟಿದ ಪ್ರಶ್ನೆಯೊಂದು ಆರು ವರ್ಷಗಳಲ್ಲಿ ಜಗತ್ತಿನ ಕಾನೂನಿನ ಭಾಗವಾಯಿತು.

ಇಷ್ಟನ್ನು ಕೇಳಿ, ಯೌವನದ ಉತ್ಸಾಹವೊಂದಿದ್ದರೆ ಏನನ್ನಾದರೂ ಸಾಧಿಸಬಹುದೆಂದು ಯಾರಾದರೂ ತಿಳಿದರೆ ಅದು ಅರ್ಧ ಸತ್ಯ. ಆ 27 ಮಂದಿಯ ಮಾತಿಗೆ ತೂಕ ಬಂದದ್ದು ಎಲ್ಲಿಂದ ಎಂಬುದನ್ನೂ ನೋಡಬೇಕು. ಅದಕ್ಕಾಗಿ ನಾವು 1958ಕ್ಕೆ ಹಿಂದಿರುಗಬೇಕಾಗುತ್ತದೆ.

ಆ ವರ್ಷದ ಮಾರ್ಚ್ ತಿಂಗಳಲ್ಲಿ, ಇನ್ನೂ 30 ತುಂಬದ ಚಾರ್ಲ್ಸ್ ಡೇವಿಡ್ ಕೀಲಿಂಗ್ ಎಂಬ ಅಮೆರಿಕದ ರಸಾಯನ ವಿಜ್ಞಾನಿಯ ಉಪಕರಣವೊಂದು ಹವಾಯಿ ದ್ವೀಪದ ಮೌನಾ ಲೋವಾ ಪರ್ವತದ ಮೇಲೆ, ಸುಮಾರು 3,400 ಮೀಟರು ಎತ್ತರದಲ್ಲಿ, ಕೆಲಸ ಆರಂಭಿಸಿತು. ವಾಯುವಿನಲ್ಲಿ ಇಂಗಾಲದ ಡೈ ಆಕ್ಸೈಡ್ ಎಷ್ಟಿದೆ ಎಂದು ಅಳೆಯುವುದು ಅದರ ಕೆಲಸ. ಕಾರ್ಖಾನೆ, ನಗರಗಳ ಹೊಗೆಯಿಂದ ದೂರವಾದ ಆ ಸ್ಥಳದಲ್ಲಿ ದೊರೆತ ಅಳತೆಗಳು ಎರಡು ಸಂಗತಿಗಳನ್ನು ತೋರಿಸಿಕೊಟ್ಟವು. ಮೊದಲನೆಯದು, ಉತ್ತರಾರ್ಧಗೋಳದ ಗಿಡಮರಗಳು ಚಿಗುರಿ ಬೆಳೆಯುವ ಕಾಲದಲ್ಲಿ ಆ ಅನಿಲವನ್ನು ಹೀರಿಕೊಳ್ಳುವುದರಿಂದ ಅದರ ಪ್ರಮಾಣ ತಗ್ಗಿ, ಎಲೆಯುದುರುವ ಕಾಲದಲ್ಲಿ ಮತ್ತೆ ಏರುತ್ತದೆ. ಎರಡನೆಯದು, ಈ ಏರಿಳಿತದ ನಡುವೆಯೂ ಒಟ್ಟು ಪ್ರಮಾಣ ವರ್ಷದಿಂದ ವರ್ಷಕ್ಕೆ ಏರುತ್ತಲೇ ಇದೆ. 1959ರಲ್ಲಿ ಹತ್ತು ಲಕ್ಷ ಭಾಗ ವಾಯುವಿನಲ್ಲಿ ಸುಮಾರು 316 ಭಾಗವಿದ್ದ ಈ ಅನಿಲ 2024ರ ಸರಾಸರಿಯಲ್ಲಿ 424 ಭಾಗಗಳನ್ನು ದಾಟಿತು. ಕೈಗಾರಿಕೆಗಳ ಯುಗಕ್ಕೆ ಮುಂಚೆ ಇದ್ದುದು ಸುಮಾರು 280 ಭಾಗ. 1964ರಲ್ಲಿ ಹಣದ ಅಭಾವದಿಂದ ಈ ಅಳತೆ ಕೆಲವು ತಿಂಗಳು ನಿಂತೂಹೋಗಿತ್ತು. ಕೀಲಿಂಗ್ ಅದನ್ನು ಬಿಡಲಿಲ್ಲ. 2005ರಲ್ಲಿ ತೀರಿಕೊಳ್ಳುವವರೆಗೂ ಅದರ ಬೆನ್ನು ಹತ್ತಿಯೇ ಇದ್ದರು.

ದಿನದಿನದ ಅಂಕಿಗಳನ್ನು ಬರೆದಿಡುವ ಈ ಕೆಲಸದಲ್ಲಿ ಚಪ್ಪಾಳೆಗೆ ಅವಕಾಶವಿರಲಿಲ್ಲ. ಆದರೆ ಇಂಥ ಅಳತೆಗಳ ರಾಶಿ ಬೆನ್ನಿಗಿದ್ದುದರಿಂದಲೇ ಪೋರ್ಟ್ ವಿಲಾದ ವಿದ್ಯಾರ್ಥಿಗಳ ಪ್ರಶ್ನೆಯನ್ನು ಮಕ್ಕಳ ಮಾತೆಂದು ಯಾರೂ ತಳ್ಳಿಹಾಕಲಾಗಲಿಲ್ಲ. ಅಂತೆಯೇ, ಆ ಪ್ರಶ್ನೆಯನ್ನು ಎತ್ತುವವರಿಲ್ಲದಿದ್ದರೆ ಅಷ್ಟು ಅಳತೆಗಳೂ ಗ್ರಂಥಭಂಡಾರಗಳಲ್ಲಿ ಧೂಳು ಹಿಡಿಯುತ್ತಿದ್ದವು. ಅಳತೆಯಿಲ್ಲದ ಕೂಗು ಗಾಳಿಗೆ ಹೋಗುತ್ತದೆ. ಕೂಗಿಲ್ಲದ ಅಳತೆ ಕಡತದಲ್ಲಿ ಉಳಿಯುತ್ತದೆ. ಎರಡನ್ನೂ ಕೂಡಿಸಬಲ್ಲ ತಲೆಮಾರೇ ಸಮಾಜದ ದಿಕ್ಕನ್ನು ಬದಲಿಸುತ್ತದೆಂಬುದು ನಮ್ಮ ಅಭಿಪ್ರಾಯ.

ಇದಕ್ಕೆ ಆಕ್ಷೇಪಣೆಗಳುಂಟು. ನ್ಯಾಯಾಲಯದ ಅಭಿಪ್ರಾಯ ಸಲಹೆ ಮಾತ್ರ, ಅದನ್ನು ಪಾಲಿಸೆಂದು ಯಾವ ರಾಷ್ಟ್ರವನ್ನೂ ಬಲಾತ್ಕರಿಸಲಾಗದು ಎಂದು ಒಬ್ಬರು ಹೇಳಬಹುದು. ಅದು ನಿಜ. ಆ ಅಭಿಪ್ರಾಯದಿಂದ ವಾಯುವಿನಲ್ಲಿರುವ ಅನಿಲ ಒಂದು ಭಾಗವೂ ಕಡಮೆಯಾಗಲಿಲ್ಲ. ಆದರೆ ದೇಶದೇಶಗಳ ನ್ಯಾಯಾಧೀಶರು ಮುಂದೆ ಇಂಥ ಮೊಕದ್ದಮೆಗಳನ್ನು ವಿಚಾರಿಸುವಾಗ ಅದನ್ನು ಕಡೆಗಣಿಸುವುದು ಸುಲಭವಾಗದು. ನಮ್ಮ ದೇಶದಲ್ಲಿಯೇ ನೋಡಿ: 2017ರಲ್ಲಿ ಉತ್ತರಾಖಂಡದ ಒಂಬತ್ತು ವರ್ಷದ ಬಾಲಕಿಯೊಬ್ಬಳ ಹೆಸರಿನಲ್ಲಿ, ಸರ್ಕಾರ ವಾಯುಗುಣದ ರಕ್ಷಣೆಗೆ ಸಾಕಷ್ಟು ಕ್ರಮ ಕೈಕೊಂಡಿಲ್ಲವೆಂಬ ಅರ್ಜಿ ರಾಷ್ಟ್ರೀಯ ಹಸಿರು ನ್ಯಾಯಮಂಡಳಿಯ ಮುಂದೆ ಬಂದಿತು. 2019ರಲ್ಲಿ ಅದು ವಜಾ ಆಯಿತು. ಆದರೆ 2024ರಲ್ಲಿ ಬೇರೊಂದು ಮೊಕದ್ದಮೆಯಲ್ಲಿ ನಮ್ಮ ಸರ್ವೋಚ್ಚ ನ್ಯಾಯಾಲಯವೇ, ವಾಯುಗುಣ ಬದಲಾವಣೆಯ ದುಷ್ಪರಿಣಾಮಗಳಿಂದ ರಕ್ಷಣೆ ಪಡೆಯುವ ಹಕ್ಕು ಸಂವಿಧಾನದ 14 ಮತ್ತು 21ನೆಯ ವಿಧಿಗಳಲ್ಲಿ ಅಡಕವಾಗಿದೆಯೆಂದು ಹೇಳಿತು. ಇಂದು ಸೋತಂತೆ ಕಾಣುವ ಪ್ರಶ್ನೆ ನಾಳೆಯೂ ಸೋಲಲೇಬೇಕೆಂದೇನೂ ಇಲ್ಲ.

ವಿದ್ಯಾರ್ಥಿಗಳು ಓದನ್ನು ಬಿಟ್ಟು ಸಾರ್ವಜನಿಕ ವಿಷಯಗಳಲ್ಲಿ ತಲೆಹಾಕುವುದು ತರವಲ್ಲವೆಂಬುದು ಎರಡನೆಯ ಆಕ್ಷೇಪಣೆ. ತಮ್ಮ ಮಕ್ಕಳ ವಿದ್ಯೆಗಾಗಿ ಹೊಟ್ಟೆಬಟ್ಟೆ ಕಟ್ಟಿದ ತಾಯಿತಂದೆಗಳ ಈ ಆತಂಕವನ್ನು ನಾವು ಹಗುರವಾಗಿ ಕಾಣುವುದಿಲ್ಲ. ಆದರೆ ಪೋರ್ಟ್ ವಿಲಾದ ವಿದ್ಯಾರ್ಥಿಗಳು ಓದನ್ನು ಬಿಡಲಿಲ್ಲ. ಓದಿದ್ದನ್ನು ನಂಬಿ ನಡೆದರು. 96ನೆಯ ವಿಧಿಯನ್ನು ಪರೀಕ್ಷೆಯಲ್ಲಿ ಬರೆದು ಮರೆಯುವ ಬದಲು ಅದನ್ನು ಪ್ರಯೋಗಿಸಿ ನೋಡಿದರು. ಅವರಿಗೆ ಬೆಂಬಲವಾಗಿ ನಿಂತ ಅಧ್ಯಾಪಕರಿದ್ದರು, ಕಿವಿಗೊಟ್ಟ ಮಂತ್ರಿಗಳಿದ್ದರು ಎಂಬುದನ್ನೂ ಮರೆಯಬಾರದು. ಕಿರಿಯರು ಹಿರಿಯರನ್ನು ದೂರ ತಳ್ಳಿ ಗೆದ್ದ ಕಥೆ ಇದಲ್ಲ. ಪ್ರಶ್ನೆ ಕಿರಿಯರದು, ಅಧಿಕಾರ ಹಿರಿಯರದು. ಎರಡೂ ಕೂಡಿದಾಗ ಕೆಲಸ ಸಾಗಿತು.

ಇನ್ನು ನಮ್ಮ ನಾಡಿನ ವಿಷಯ. ಹೇಗ್ ನಗರದವರೆಗೆ ಹೋಗಬೇಕಾಗಿಲ್ಲ. ಕರ್ನಾಟಕದ ಗ್ರಾಮ ಪಂಚಾಯಿತಿಗಳಲ್ಲಿ ಮಕ್ಕಳ ಗ್ರಾಮಸಭೆಗಳು ನಡೆಯುತ್ತವೆ. ಹದಿನೆಂಟು ತುಂಬದವರೂ ಅಲ್ಲಿ ನಿಂತು ತಮ್ಮ ಊರಿನ ಕುಂದುಕೊರತೆಗಳನ್ನು ಕೇಳಬಹುದು. "ನಮ್ಮ ಊರಿನಲ್ಲಿ ನೀರಿಲ್ಲ" ಎಂದು ಹುಡುಗಿಯೊಬ್ಬಳು ಅಲ್ಲಿ ಹೇಳಿದರೆ, "ನೋಡೋಣ ಮಗು" ಎಂಬ ಉತ್ತರ ದೊರೆತು ಮಾತು ಮುಗಿಯಬಹುದು. ಅದೇ ಹುಡುಗಿ ತನ್ನ ಗೆಳತಿಯರೊಡನೆ ಊರಿನ ನಾಲ್ಕು ತೆರೆದ ಬಾವಿಗಳಿಗೆ ಪ್ರತಿ ತಿಂಗಳ ಮೊದಲ ದಿನ ಹಿರಿಯರೊಬ್ಬರ ಜೊತೆಯಲ್ಲಿ ಹೋಗಿ, ಕಲ್ಲು ಕಟ್ಟಿದ ಹಗ್ಗವನ್ನು ಇಳಿಬಿಟ್ಟು, ನೀರು ಎಷ್ಟು ಆಳದಲ್ಲಿದೆಯೆಂದು ಅಳೆದು, ಒಂದು ವರ್ಷದ ಅಂಕಿಗಳನ್ನು ಬರೆದಿಟ್ಟು, ಆ ಪುಸ್ತಕವನ್ನು ಹಿಡಿದು ಸಭೆಯಲ್ಲಿ ನಿಂತರೆ ಅಧ್ಯಕ್ಷರು ಬೇರೆ ಉತ್ತರವನ್ನು ಹುಡುಕಬೇಕಾಗುತ್ತದೆ. ಇದಕ್ಕೆ ಬೇಕಾದ ಸಾಮಗ್ರಿ ಒಂದು ಹಗ್ಗ, ಒಂದು ಅಳತೆಪಟ್ಟಿ, ಒಂದು ನೋಟುಪುಸ್ತಕ. ಮಳೆಯನ್ನು ಅಳೆಯಲು ನೇರವಾದ ಗೋಡೆಯ, ಚಪ್ಪಟೆ ತಳದ ಒಂದು ಡಬ್ಬವೇ ಸಾಕು. ಅದರಲ್ಲಿ ನಿಂತ ನೀರಿನ ಎತ್ತರವೇ ಮಳೆಯ ಅಳತೆ. ಬೀದಿಯ ಕಕ್ಕೆಮರ ಯಾವ ವಾರ ಹೂಬಿಟ್ಟಿತೆಂದು ಗುರುತು ಹಾಕಿಡುವುದಕ್ಕೆ ಅಷ್ಟೂ ಬೇಡ. ನಮ್ಮ ದೇಶದ ಹಲವು ಶಾಲೆಗಳ ಮಕ್ಕಳು ಸೀಸನ್‌ವಾಚ್ ಎಂಬ ಯೋಜನೆಯಲ್ಲಿ ಸೇರಿ, ಮರಗಳು ಚಿಗುರುವ, ಹೂಬಿಡುವ, ಕಾಯಿಬಿಡುವ ಕಾಲಗಳನ್ನು ಈಗಾಗಲೇ ದಾಖಲು ಮಾಡುತ್ತಿದ್ದಾರೆ.

ಇಂಥ ಕೆಲಸದಲ್ಲಿ ಬೇಸರ ಬರುವುದು ಸಹಜ. ಮೊದಲ ಮೂರು ತಿಂಗಳ ಅಂಕಿಗಳು ಏನನ್ನೂ ಹೇಳುವುದಿಲ್ಲ. ಒಂದು ವರ್ಷ ಕಳೆದಾಗ ಸ್ವಲ್ಪ ಹೇಳುತ್ತವೆ. ಹತ್ತು ವರ್ಷ ನಡೆದರೆ, ಒಂದು ತಂಡ ಶಾಲೆ ಬಿಡುವಾಗ ಪುಸ್ತಕವನ್ನು ಮುಂದಿನ ತಂಡಕ್ಕೆ ಒಪ್ಪಿಸಿ ಹೋದರೆ, ಅವು ಊರಿನ ಆಸ್ತಿಯಾಗುತ್ತವೆ. ಆದುದರಿಂದ ಅಧ್ಯಾಪಕರಲ್ಲಿ ನಮ್ಮದೊಂದು ವಿಜ್ಞಾಪನೆ: ಪ್ರತಿ ಶಾಲೆಯ ವಿಜ್ಞಾನ ಸಂಘವೂ ತನ್ನ ಊರಿನ ಒಂದೇ ಒಂದು ಸಂಗತಿಯನ್ನು ಆರಿಸಿಕೊಂಡು ಎಡೆಬಿಡದೆ ಅಳೆಯಲಿ. ಪಂಚಾಯಿತಿಯ ಹಿರಿಯರಲ್ಲಿ ಇನ್ನೊಂದು ವಿಜ್ಞಾಪನೆ: ಮಕ್ಕಳು ಆ ಪುಸ್ತಕದೊಡನೆ ಬಂದಾಗ ಅದನ್ನು ತೆರೆದು ಓದಿರಿ, ಉತ್ತರವನ್ನು ಬರಹದಲ್ಲಿ ಕೊಡಿರಿ.

ತರುಣ ವಾಚಕರಿಗೆ ನಾವು ಹೇಳುವುದು ಇಷ್ಟೆ. ನಿಮ್ಮ ಕಾಲದ ಬಾವಿಗಳು ಬತ್ತುವುದೂ ತುಂಬುವುದೂ ನೀವು ದೊಡ್ಡವರಾಗುವವರೆಗೆ ಕಾಯುವುದಿಲ್ಲ. ಬರುವ ತಿಂಗಳ ಮೊದಲನೆಯ ದಿನ ನಿಮ್ಮ ಪುಸ್ತಕದ ಮೊದಲ ಸಾಲನ್ನು ಬರೆಯಿರಿ.