ಬೀಗ ನಿಮ್ಮದೇ, ಕೀಲಿಕೈ ಯಾರ ಹತ್ತಿರ ಇದೆ?

"ಲ್ಯಾಪ್‌ಟಾಪ್‌ನಲ್ಲಿ 'ಎಫ್‌ವಿಇಎಪಿಐ ಡಾಟ್ ಡಿಎಲ್‌ಎಲ್ ಸಿಗುತ್ತಿಲ್ಲ' ಅಂತ ಬರ್ತಿದೆ. ಗೂಗಲ್ ಮಾಡಿದ್ರೆ ಈ ಫೈಲನ್ನು ಪುಕ್ಕಟೆಯಾಗಿ ಕೊಡೋ ಸೈಟುಗಳು ಸಾಲುಸಾಲಾಗಿ ಕಾಣಿಸ್ತಿವೆ. ಇಳಿಸಿಕೊಳ್ಳಲಾ?"

ಓದುಗರೊಬ್ಬರು ಕಳಿಸಿದ ಪ್ರಶ್ನೆ ಇದು. ಉತ್ತರ ಒಂದೇ ಪದ: ಬೇಡ. ಯಾಕೆ ಬೇಡ ಅನ್ನೋದಕ್ಕೆ ಮಾತ್ರ ಈ ವಾರದ ಅಂಕಣ ಪೂರ್ತಿ ಬೇಕು. ಆ ಫೈಲು ಅಂತಿಂಥದ್ದಲ್ಲ, ನಿಮ್ಮ ಡಿಸ್ಕಿಗೆ ಹಾಕಿರುವ ಬೀಗದ ಒಂದು ಭಾಗ.

ಮೊದಲು ಡಿಎಲ್‌ಎಲ್ ಅಂದ್ರೇನು ನೋಡೋಣ. ಪೂರ್ತಿ ಹೆಸರು ಡೈನಾಮಿಕ್ ಲಿಂಕ್ ಲೈಬ್ರರಿ. ಹಳ್ಳಿಗಳಲ್ಲಿ ಮದುವೆ ಅಡುಗೆಗೆ ಬೇಕಾದ ದೊಡ್ಡ ಕೊಪ್ಪರಿಗೆಗಳನ್ನು ಪ್ರತಿ ಮನೆಯವರೂ ಕೊಳ್ಳುವುದಿಲ್ಲ. ದೇವಸ್ಥಾನದಲ್ಲಿ ಇಟ್ಟಿರುತ್ತಾರೆ, ಬೇಕಾದವರು ತಂದು ಬಳಸುತ್ತಾರೆ. ಡಿಎಲ್‌ಎಲ್ ಕೂಡ ಹಾಗೇ. ಹಲವು ಪ್ರೋಗ್ರಾಂಗಳಿಗೆ ಬೇಕಾಗುವ ಕೆಲಸವನ್ನು ಒಂದೇ ಫೈಲಿನಲ್ಲಿ ಬರೆದಿಟ್ಟಿರುತ್ತಾರೆ, ಅಗತ್ಯ ಬಿದ್ದಾಗ ಎಲ್ಲವೂ ಅದನ್ನೇ ಕರೆಯುತ್ತವೆ.

ವಿಂಡೋಸ್‌ನ 'ಸಿಸ್ಟಮ್32' ಫೋಲ್ಡರಿನಲ್ಲಿ 'ಎಫ್‌ವಿಇ' ಎಂದು ಶುರುವಾಗುವ ಕೆಲವು ಫೈಲುಗಳಿವೆ. ಎಫ್‌ವಿಇ ಅಂದ್ರೆ ಫುಲ್ ವಾಲ್ಯೂಮ್ ಎನ್‌ಕ್ರಿಪ್ಷನ್. ವಿಂಡೋಸ್ ವಿಸ್ಟಾ ಜೊತೆ ಬಂದ ಬಿಟ್‌ಲಾಕರ್‌ನ ಕುಟುಂಬ ಇದು. ಎಫ್‌ವಿಇಎಪಿಐ ಮೂಲಕ ಬೇರೆ ಪ್ರೋಗ್ರಾಂಗಳು ಬಿಟ್‌ಲಾಕರ್ ಜೊತೆ ಮಾತಾಡುತ್ತವೆ. ಎಫ್‌ವಿಇಯುಐ ನಿಮಗೆ ಕಾಣುವ ಕಿಟಕಿಗಳನ್ನು ನೋಡಿಕೊಳ್ಳುತ್ತದೆ. ಎಫ್‌ವಿಇವಾಲ್ ಎಂಬ ಡ್ರೈವರ್ ನಿಜವಾದ ದುಡಿಮೆಗಾರ: ಡಿಸ್ಕಿಗೆ ಹೋಗುವ ಪ್ರತಿ ಅಕ್ಷರವನ್ನೂ ಗುಪ್ತಲಿಪಿ ಮಾಡುತ್ತದೆ, ಓದುವಾಗ ಬಿಡಿಸಿ ಕೊಡುತ್ತದೆ.

ಈಗ ಯೋಚಿಸಿ. ಡಿಎಲ್‌ಎಲ್ ತನ್ನನ್ನು ಕರೆದ ಪ್ರೋಗ್ರಾಮಿಗೆ ಇರುವ ಅಧಿಕಾರವನ್ನೆಲ್ಲ ಪಡೆಯುತ್ತದೆ. ಕರೆದದ್ದು ಅಡ್ಮಿನಿಸ್ಟ್ರೇಟರ್ ಅಧಿಕಾರದ ಪ್ರೋಗ್ರಾಂ ಆಗಿದ್ದರೆ, ಗೊತ್ತುಗುರಿಯಿಲ್ಲದ ಸೈಟಿನಿಂದ ತಂದ ಫೈಲಿಗೂ ಅದೇ ಅಧಿಕಾರ. ಬೀಗ ಕೆಟ್ಟಿದೆ ಅಂತ ದಾರೀಲಿ ಹೋಗೋರನ್ನು ಕರೆದು ಬೀರು ಮುಂದೆ ಕೂರಿಸಿದ ಹಾಗೆ. ಫೈಲು ಅಸಲಿಯೇ ಆಗಿದ್ದರೂ ನಿಮ್ಮ ವಿಂಡೋಸ್ ಆವೃತ್ತಿಗೆ ಹೊಂದದಿದ್ದರೆ ಇನ್ನೊಂದು ತಲೆನೋವು.

ಸರಿಯಾದ ದಾರಿ ಸುಲಭವೇ ಇದೆ. ವಿಂಡೋಸ್ ತನ್ನ ಮುಖ್ಯ ಫೈಲುಗಳ ಪ್ರತಿಗಳನ್ನು ತನ್ನೊಳಗೇ ಬೇರೆ ಕಡೆ ಇಟ್ಟುಕೊಂಡಿರುತ್ತದೆ. 'ಡಿಸ್ಮ್' ಅನ್ನುವ ಕಮಾಂಡಿನ 'ರಿಸ್ಟೋರ್ ಹೆಲ್ತ್' ಆಯ್ಕೆ ಆ ದಾಸ್ತಾನನ್ನು ಪರೀಕ್ಷಿಸಿ, ಬೇಕಾದರೆ ವಿಂಡೋಸ್ ಅಪ್‌ಡೇಟ್‌ನಿಂದ ತರಿಸಿ ಸರಿಮಾಡುತ್ತದೆ. ಆಮೇಲೆ 'ಎಸ್‌ಎಫ್‌ಸಿ ಸ್ಕ್ಯಾನ್‌ನೌ' ಕೊಟ್ಟರೆ ಕೆಟ್ಟ ಫೈಲುಗಳ ಜಾಗಕ್ಕೆ ಒಳ್ಳೆಯವು ಬರುತ್ತವೆ. ಈ ಎರಡು ಕಮಾಂಡುಗಳನ್ನು ಮೈಕ್ರೋಸಾಫ್ಟ್‌ನ ಸಹಾಯಪುಟದಿಂದಲೇ ನೋಡಿ ಟೈಪ್ ಮಾಡಿ. ಫೈಲು ಅದಾಗದೇ ಮಾಯವಾಗುವುದು ಅಪರೂಪ, ಹಾಗಾಗಿ ಜೊತೆಗೊಂದು ವೈರಸ್ ಸ್ಕ್ಯಾನ್ ಕೂಡ ಇರಲಿ.

ಆದರೆ ಇದಕ್ಕೆಲ್ಲ ಕೈಹಾಕುವ ಮೊದಲು ಇನ್ನೊಂದು ಕೆಲಸ ಇದೆ. ನಿಜ ಹೇಳಬೇಕಂದ್ರೆ ಈ ಅಂಕಣ ಬರೆದದ್ದೇ ಅದಕ್ಕೆ. ಕೆಟ್ಟ ಬೀಗವನ್ನು ಹೇಗಾದರೂ ರಿಪೇರಿ ಮಾಡಬಹುದು. ಕೀಲಿಕೈ ಕಳೆದರೆ?

ಬಿಟ್‌ಲಾಕರ್ ಒಂದರೊಳಗೊಂದು ಕೀಲಿ ಇಟ್ಟು ಕೆಲಸ ಮಾಡುತ್ತದೆ. ಡಿಸ್ಕಿನ ಮಾಹಿತಿಗೆ ಒಂದು ಕೀಲಿ. ಆ ಕೀಲಿಯನ್ನು ಬಚ್ಚಿಡಲು ಇನ್ನೊಂದು. ಆ ಎರಡನೆಯದನ್ನು ನಿಮ್ಮ ಮದರ್‌ಬೋರ್ಡ್‌ನಲ್ಲಿರುವ ಟಿಪಿಎಂ ಚಿಪ್ ಕಾಯುತ್ತದೆ. ಪ್ರತಿ ಸಲ ಆನ್ ಮಾಡಿದಾಗ 'ಇದು ಅದೇ ಯಂತ್ರ, ಯಾರೂ ಕೈ ಆಡಿಸಿಲ್ಲ' ಅಂತ ಖಾತ್ರಿಯಾದರೆ ಚಿಪ್ ಸುಮ್ಮನೆ ಬಾಗಿಲು ತೆಗೆಯುತ್ತದೆ. ಅದಕ್ಕೇ ಎಷ್ಟೋ ಜನಕ್ಕೆ ತಮ್ಮ ಡಿಸ್ಕಿಗೆ ಬೀಗ ಇರೋದೇ ಗೊತ್ತಿಲ್ಲ. ಮದರ್‌ಬೋರ್ಡ್ ಬದಲಾದರೆ, ಕೆಲವೊಮ್ಮೆ ಬಯಾಸ್ ಅಪ್‌ಡೇಟ್ ಆದರೂ ಸಾಕು, ಚಿಪ್‌ಗೆ ಅನುಮಾನ ಬಂದುಬಿಡುತ್ತದೆ. ಆಗ ನೀಲಿ ಪರದೆ ಬಂದು 48 ಅಂಕಿಗಳ ರಿಕವರಿ ಕೀ ಕೇಳುತ್ತದೆ.

ಹಾಸನದಲ್ಲಿರುವ ನನ್ನ ಚಿಕ್ಕಪ್ಪನಿಗೆ ಆಗಿದ್ದು ಇದೇ. ಲ್ಯಾಪ್‌ಟಾಪ್ ರಿಪೇರಿಗೆ ಕೊಟ್ಟಾಗ ಮದರ್‌ಬೋರ್ಡ್ ಬದಲಾಯಿಸಿದರು. ಮನೆಗೆ ತಂದು ಆನ್ ಮಾಡಿದರೆ ನೀಲಿ ಪರದೆ. ಒಳಗಿದ್ದದ್ದು ನಮ್ಮಜ್ಜಿ ಹಾಡಿದ ಸೋಬಾನೆ ಪದಗಳ ರೆಕಾರ್ಡಿಂಗು. ಅಜ್ಜಿ ಈಗಿಲ್ಲ. ಆ ದನಿಯ ಇನ್ನೊಂದು ಪ್ರತಿ ಎಲ್ಲೂ ಇಲ್ಲ.

"ಏನೋ ಪಾಸ್‌ವರ್ಡ್ ಕೇಳ್ತದೆ ಕಣಪ್ಪ, ನಾನೇನೂ ಹಾಕೇ ಇಲ್ಲ" ಅಂದರು ಫೋನಿನಲ್ಲಿ. ಅವರ ಮಾತು ನಿಜ. ಅವರು ಹಾಕಿರಲಿಲ್ಲ. ಲ್ಯಾಪ್‌ಟಾಪ್ ಕೊಂಡ ದಿನ ಅಂಗಡಿಯ ಹುಡುಗ "ನಾನೇ ಸೆಟಪ್ ಮಾಡಿಕೊಡ್ತೀನಿ ಸಾರ್" ಅಂತ ತನ್ನದೇ ಇಮೇಲ್ ಹಾಕಿ ಮೈಕ್ರೋಸಾಫ್ಟ್ ಅಕೌಂಟ್ ತೆರೆದಿದ್ದ. ಡಿಸ್ಕ್ ತಾನಾಗಿ ಎನ್‌ಕ್ರಿಪ್ಟ್ ಆಗಿ, ಕೀ ಆ ಅಕೌಂಟಿಗೆ ಹೋಗಿ ಕೂತಿತ್ತು. ಅಜ್ಜಿಯ ಹಾಡಿನ ಕೀಲಿಕೈ, ಮುಖ ನೆನಪಿಲ್ಲದ ಹುಡುಗನೊಬ್ಬನ ಇಮೇಲಿನಲ್ಲಿ!

ಪುಣ್ಯಕ್ಕೆ ಬಿಲ್ಲು ಇತ್ತು. ಅಂಗಡಿಯವರಿಂದ ನಂಬರು ಸಿಕ್ಕಿತು. ಹುಡುಗ ಕೆಲಸ ಬಿಟ್ಟು ಮೈಸೂರಿಗೆ ಹೋಗಿದ್ದ, ಆದರೆ ಅಕೌಂಟು ಜೀವಂತ ಇತ್ತು. ನಾಲ್ಕನೇ ದಿನ ಅವನು ಆರಾರು ಅಂಕಿ ಓದುತ್ತಾ ಹೋದ, ಚಿಕ್ಕಪ್ಪ ಕನ್ನಡಕ ಏರಿಸಿಕೊಂಡು ಬರೆದುಕೊಂಡರು.

ಆ ಅಂಕಿಗಳಲ್ಲೊಂದು ಜಾಣತನ ಇದೆ. 6 ಅಂಕಿಗಳ 8 ಗುಂಪು, ಪ್ರತಿ ಗುಂಪೂ 11ರಿಂದ ನಿಶ್ಶೇಷವಾಗಿ ಭಾಗವಾಗಬೇಕು. ಆಗಲಿಲ್ಲ ಅಂದ್ರೆ ಆ ಗುಂಪಿನಲ್ಲಿ ಎಲ್ಲೋ ತಪ್ಪು ಬರೆದಿದ್ದೀರಿ ಅಂತರ್ಥ. ಚಿಕ್ಕಪ್ಪ ಬರೆದುಕೊಂಡ ಐದನೇ ಗುಂಪಿನ ತಪ್ಪು ಹಿಡಿದದ್ದು ಈ ಭಾಗಾಕಾರವೇ.

ಆ ಹುಡುಗ ಸಿಗದೇ ಹೋಗಿದ್ದರೆ? ಅಲ್ಲಿಗೆ ಮುಗಿಯುತ್ತಿತ್ತು. ಕಳೆದ ರಿಕವರಿ ಕೀಯನ್ನು ಮೈಕ್ರೋಸಾಫ್ಟ್‌ನವರೂ ಹೊಸದಾಗಿ ಹುಟ್ಟಿಸಿ ಕೊಡಲಾರರು. ಯಾವ ಡಿಎಲ್‌ಎಲ್ ತಂದು ಹಾಕಿದರೂ ಡಿಸ್ಕ್ ಬಿಚ್ಚಿಕೊಳ್ಳುವುದಿಲ್ಲ, ಯಾಕಂದ್ರೆ ಆ ಫೈಲುಗಳಲ್ಲಿ ಬೀಗದ ಯಂತ್ರ ಇದೆಯೇ ಹೊರತು ಕೀಲಿ ಇಲ್ಲ.

ಕೀ ಎಲ್ಲಿದೆ ಅನ್ನೋ ಪ್ರಶ್ನೆಗೆ ದೊಡ್ಡ ದೊಡ್ಡ ಕಂಪನಿಗಳೇ ಬೆವರಿದ್ದುಂಟು. 2024ರ ಜುಲೈ 19ರಂದು ಕ್ರೌಡ್‌ಸ್ಟ್ರೈಕ್‌ನ ಒಂದು ಕೆಟ್ಟ ಅಪ್‌ಡೇಟಿನಿಂದ, ಮೈಕ್ರೋಸಾಫ್ಟ್‌ನ ಅಂದಾಜಿನಂತೆ ಸುಮಾರು 85 ಲಕ್ಷ ವಿಂಡೋಸ್ ಯಂತ್ರಗಳು ಕುಸಿದವು. ಪರಿಹಾರ ಸರಳ: ಸೇಫ್ ಮೋಡ್‌ಗೆ ಹೋಗಿ ಒಂದು ಫೈಲ್ ಅಳಿಸಬೇಕು. ಆದರೆ ಬಿಟ್‌ಲಾಕರ್ ಇದ್ದ ಎಷ್ಟೋ ಯಂತ್ರಗಳು ಮೊದಲು ರಿಕವರಿ ಕೀ ಕೇಳಿದವು.

ಹಾಗಾದ್ರೆ ಬೀಗವನ್ನೇ ತೆಗೆದುಬಿಡೋಣವಾ? ಬೇಡ. ಮೆಟ್ರೋದಲ್ಲೋ ಪಿಜಿಯಲ್ಲೋ ಲ್ಯಾಪ್‌ಟಾಪ್ ಕಳುವಾದರೆ, ಬೀಗವಿಲ್ಲದ ಡಿಸ್ಕನ್ನು ಬಿಚ್ಚಿ ಇನ್ನೊಂದು ಕಂಪ್ಯೂಟರಿಗೆ ಸಿಕ್ಕಿಸಿದರೆ ಸಾಕು. ಆಧಾರ್ ಪ್ರತಿ, ಪೇ ಸ್ಲಿಪ್, ಫೋಟೋ ಎಲ್ಲ ತೆರೆದ ಪುಸ್ತಕ. ನಿಮ್ಮ ಲಾಗಿನ್ ಪಾಸ್‌ವರ್ಡ್ ಅದನ್ನು ತಡೆಯುವುದಿಲ್ಲ.

ಬೀಗ ಇರಲಿ, ಕೀಲಿ ನಿಮ್ಮ ಕೈಲಿರಲಿ. ವಿಂಡೋಸ್ 11 ಇದ್ದರೆ ಸೆಟ್ಟಿಂಗ್ಸ್‌ನಲ್ಲಿ 'ಪ್ರೈವಸಿ ಅಂಡ್ ಸೆಕ್ಯುರಿಟಿ'ಗೆ ಹೋಗಿ 'ಡಿವೈಸ್ ಎನ್‌ಕ್ರಿಪ್ಷನ್' ಆನ್ ಇದೆಯಾ ನೋಡಿ. ಪ್ರೊ ಆವೃತ್ತಿಯಾದರೆ ಸ್ಟಾರ್ಟ್ ಮೆನುವಿನಲ್ಲಿ 'ಮ್ಯಾನೇಜ್ ಬಿಟ್‌ಲಾಕರ್' ಅಂತ ಹುಡುಕಿ. ಆನ್ ಇದ್ದರೆ, ಲ್ಯಾಪ್‌ಟಾಪ್ ಯಾರ ಇಮೇಲಿನಲ್ಲಿ ಸೈನ್ ಇನ್ ಆಗಿದೆ ಗಮನಿಸಿ. ನಿಮ್ಮದೇ ಆದರೆ ಮೈಕ್ರೋಸಾಫ್ಟ್ ಅಕೌಂಟಿನ ರಿಕವರಿ ಕೀ ಪುಟದಲ್ಲಿ 48 ಅಂಕಿ ಸಿಗುತ್ತದೆ. ಆಫೀಸ್ ಲ್ಯಾಪ್‌ಟಾಪ್ ಆದರೆ ಐಟಿ ವಿಭಾಗವನ್ನು ಕೇಳಿ. ಬೇರೆಯವರ ಇಮೇಲ್ ಇದ್ದರೆ, ಯಂತ್ರ ಸರಿಯಾಗಿ ಓಡುತ್ತಿರುವಾಗಲೇ ಫೈಲುಗಳ ಬ್ಯಾಕಪ್ ಮಾಡಿಕೊಂಡು, ಎನ್‌ಕ್ರಿಪ್ಷನ್ ತೆಗೆದು, ನಿಮ್ಮ ಅಕೌಂಟಿನಲ್ಲಿ ಮತ್ತೆ ಹಾಕಿ.

ಕೀಯನ್ನು ಅದೇ ಲ್ಯಾಪ್‌ಟಾಪ್‌ನಲ್ಲಿ ಸೇವ್ ಮಾಡಬೇಡಿ, ಲ್ಯಾಪ್‌ಟಾಪ್ ಬ್ಯಾಗಿನಲ್ಲಂತೂ ಇಡಲೇಬೇಡಿ. ಕಾಗದದ ಮೇಲೆ ಬರೆದು, ಎಲ್‌ಐಸಿ ಬಾಂಡು, ಮನೆ ಪತ್ರ ಇಡುವ ಫೈಲಿಗೆ ಸೇರಿಸಿ. ಹಾಗೇ ಊರಿಗೆ ಹೋದಾಗ ಅಪ್ಪ ಅಮ್ಮನ ಲ್ಯಾಪ್‌ಟಾಪನ್ನೂ ಒಮ್ಮೆ ನೋಡಿ. ಅದನ್ನು ಸೆಟಪ್ ಮಾಡಿದ್ದು ಯಾರು ಅಂತ ಮರೆಯದೆ ಕೇಳಿ.