ಎದುರಾಳಿಯ ಪಾತ್ರಧಾರಿ

ದೋನ್ ಕಮಿಲ್ಲೊ ಎಂಬ ಮುಂಗೋಪಿ ಗುರುವಿನ ಕಥೆಗಳನ್ನು ನಮ್ಮ ಓದುಗರಲ್ಲಿ ಹಿರಿಯರು ಕೆಲವರಾದರೂ ಬಲ್ಲರು. ಇಟಲಿಯ ಪೊ ನದಿಯ ಬಯಲಿನಲ್ಲೊಂದು ಸಣ್ಣ ಊರು. ಶಿಲುಬೆಯ ಮೇಲಿನ ಯೇಸುಸ್ವಾಮಿಯೊಡನೆ ವಾದಕ್ಕಿಳಿಯುವ ಧರ್ಮಕೇಂದ್ರದ ಗುರು. ಅವರಿಗೆ ಸರಿಸಾಟಿಯಾಗಿ ಪುರಸಭೆಯ ಅಧ್ಯಕ್ಷಪೀಠದಲ್ಲಿ ಕಮ್ಯುನಿಸ್ಟ್ ಪೆಪ್ಪೋನೆ. ಜೊವಾನ್ನಿನೊ ಗ್ವಾರೆಸ್ಕಿಯವರು 1946ರಿಂದ ಬರೆದ ಈ ಕಥೆಗಳು 1952ರಲ್ಲಿ ಚಲನಚಿತ್ರವಾದಾಗ, ಗುರುವಿನ ಪಾತ್ರ ವಹಿಸಿದ ಫ್ರೆಂಚ್ ನಟ ಫೆರ್ನಾಂದೆಲ್ ಅವರ ಕೀರ್ತಿ ದೂರದೂರಕ್ಕೆ ಹರಡಿತು. ನಾವು ಇಂದು ನೆನೆಯಬಯಸುವುದು ಇನ್ನೊಬ್ಬರನ್ನು, ಪೆಪ್ಪೋನೆಯಾಗಿ ಅವರೆದುರು ನಿಂತ ಜೀನೊ ಚೆರ್ವಿಯವರನ್ನು.

ಚೆರ್ವಿಯವರು 1901ರಲ್ಲಿ ಬೊಲೊನ್ಯದಲ್ಲಿ ಹುಟ್ಟಿದರು. ತಂದೆ ನಾಟಕ ವಿಮರ್ಶಕರು. 1924ರಲ್ಲಿ ರಂಗವೇರಿದ ಮಗನಿಗೆ ನಟನೆ ಜೀವನೋಪಾಯದ ದುಡಿಮೆಯೇ ಆಯಿತು. ಲಾರೆನ್ಸ್ ಒಲಿವಿಯೆ ಇಟಲಿಯ ಚಿತ್ರಮಂದಿರಗಳಲ್ಲಿ ಹ್ಯಾಮ್ಲೆಟ್ ಆಗಿ ಮಾತನಾಡಿದ್ದು ಚೆರ್ವಿಯವರ ಕಂಠದಿಂದಲೇ. 1942ರ 'ಮೋಡಗಳ ನಡುವೆ ನಾಲ್ಕು ಹೆಜ್ಜೆ' ಎಂಬ ಬ್ಲಸೆತ್ತಿಯವರ ಚಿತ್ರವನ್ನು ನಾವು ವಿಶೇಷವಾಗಿ ಹೇಳಲೇಬೇಕು. ಅದರಲ್ಲಿ ಅವರು ಮಿಠಾಯಿ ಕಂಪೆನಿಯ ಪ್ರತಿನಿಧಿ, ಬೇಸತ್ತ ಸಂಸಾರಸ್ಥ. ಪ್ರಯಾಣದಲ್ಲಿ ಎದುರಾದ, ಗರ್ಭಿಣಿಯಾಗಿ ಕೈಬಿಡಲ್ಪಟ್ಟ ಹಳ್ಳಿಯ ಹುಡುಗಿಗಾಗಿ ಒಂದು ದಿನದ ಮಟ್ಟಿಗೆ ಅವಳ ಗಂಡನೆಂದು ನಟಿಸುತ್ತಾರೆ. ಸುಳ್ಳು ಬಯಲಾದಾಗ ಅವಳನ್ನು ಹೊರದೂಡಬೇಡಿರೆಂದು ಮನೆಯವರನ್ನು ಬೇಡಿಕೊಂಡು, ತಮ್ಮ ಬೇಸರದ ಮನೆಗೇ ಮರಳುತ್ತಾರೆ. ಮಗಳು ತಪ್ಪಿದಳೆಂದು ಬಾಗಿಲು ಮುಚ್ಚುವ ಮನೆಗಳು ಇಟಲಿಯಲ್ಲಿ ಮಾತ್ರವೇ ಇದ್ದವೇ?

ಪೆಪ್ಪೋನೆಯ ಪಾತ್ರ ಬಂದ ಕಾಲವನ್ನು ಮರೆಯಬಾರದು. ಕಮ್ಯುನಿಸ್ಟ್ ಸಿದ್ಧಾಂತವನ್ನು ಸಾರುವವರಿಗೆ ಧರ್ಮಸಭೆಯಿಂದ ಬಹಿಷ್ಕಾರವೆಂದು ರೋಮ್‌ನಿಂದ ಆಜ್ಞೆ ಹೊರಟದ್ದು 1949ರ ಜುಲೈನಲ್ಲಿ. ಆ ಕಾವು ಇನ್ನೂ ಆರಿರಲಿಲ್ಲ. ಚೆರ್ವಿಯವರಾದರೋ ಕಮ್ಯುನಿಸ್ಟರಲ್ಲ, 1970ರಲ್ಲಿ ಲಿಬರಲ್ ಪಕ್ಷದಿಂದ ಲಾತ್ಸಿಯೊ ಪ್ರಾಂತೀಯ ಸಭೆಗೆ ಚುನಾಯಿತರಾದವರು. ತಾವು ಒಪ್ಪದ ವ್ಯಕ್ತಿಯನ್ನು ಗೇಲಿಯ ಗೊಂಬೆಯಾಗಿಸುವುದು ಅವರಿಗೆ ಸುಲಭವಿತ್ತು. ಹಾಗೆ ಮಾಡಲಿಲ್ಲ. ಊರಿನ ವೃದ್ಧ ಶಿಕ್ಷಕಿ ತನ್ನ ಶವಪೆಟ್ಟಿಗೆಯ ಮೇಲೆ ಹಳೆಯ ರಾಜಧ್ವಜ ಹೊದಿಸಬೇಕೆಂದು ಕೇಳಿ ಸಾಯುವ ಪ್ರಸಂಗವನ್ನೇ ನೋಡಿರಿ. ಗಣರಾಜ್ಯದಲ್ಲಿ ರಾಜನ ಧ್ವಜವೇ ಎಂದು ಇತರ ಪಕ್ಷದವರೆಲ್ಲ ತಡೆಯುತ್ತಾರೆ. ಒಪ್ಪಿ ಶವವನ್ನು ಗೌರವದಿಂದ ಕಳುಹಿಸಿಕೊಡುವವನು ಅವಳ ಹಳೆಯ ವಿದ್ಯಾರ್ಥಿ ಪೆಪ್ಪೋನೆ. ದಪ್ಪ ಮೀಸೆಯ ಹಿಂದಿನ ಆ ಮುಖದಲ್ಲಿ ಪಕ್ಷವೂ ಇದೆ, ಶಾಲೆಯ ಹುಡುಗನೂ ಇದ್ದಾನೆ. ನಮ್ಮ ಎದುರಾಳಿಯನ್ನು ಇಷ್ಟು ನ್ಯಾಯದಿಂದ ಚಿತ್ರಿಸಲು ನಮಗೆ ಮನಸ್ಸು ಬಂದೀತೇ ಎಂದು ನಾವು ನಮ್ಮನ್ನೇ ಕೇಳಿಕೊಂಡೆವು, ಉತ್ತರ ಹಿತವಾಗಿರಲಿಲ್ಲ.

1965ರವರೆಗೆ ಇಬ್ಬರೂ ಜೊತೆಯಾಗಿ ಇಂಥ ಐದು ಚಿತ್ರಗಳನ್ನು ಮುಗಿಸಿದರು. ಈ ನಡುವೆ 1964ರಿಂದ 1972ರವರೆಗೆ ಚೆರ್ವಿಯವರು ಇಟಲಿಯ ದೂರದರ್ಶನದಲ್ಲಿ ಸಿಮೆನೊನ್ ಅವರ ಪತ್ತೇದಾರ ಮೆಗ್ರೆಯಾಗಿ ಮನೆಮಾತಾದರು.

1970ರಲ್ಲಿ ಆರನೆಯ ಚಿತ್ರದ ಕೆಲಸ ಆರಂಭವಾಯಿತು. ಚಿತ್ರೀಕರಣದ ನಡುವೆ ಫೆರ್ನಾಂದೆಲ್ ಕಾಯಿಲೆ ಬಿದ್ದರು. 1971ರ ಫೆಬ್ರವರಿಯಲ್ಲಿ ತೀರಿಕೊಂಡರು. ಬೇರೊಬ್ಬ ನಟನೊಡನೆ ಮುಂದುವರಿಯಲು ಚೆರ್ವಿಯವರು ಒಪ್ಪಲಿಲ್ಲ. ಇದರಲ್ಲಿ ಎರಡು ಮಾತಿದೆಯೆಂಬುದನ್ನು ನಾವು ಬಲ್ಲೆವು. ಒಂದು ಚಿತ್ರ ನಿಂತರೆ ಹಣ ಹೂಡಿದವನಿಗೆ ನಷ್ಟ. ದೀಪ ಹಿಡಿಯುವವನಿಗೂ ಬಟ್ಟೆ ಹೊಲಿಯುವವನಿಗೂ ಕೂಲಿಯಿಲ್ಲ. ಕೂಲಿಕಾರರ ನಾಯಕ ಪೆಪ್ಪೋನೆಯೇ ಇದನ್ನು ಮೊದಲು ಎತ್ತಿ ಆಡುತ್ತಿದ್ದನೇನೋ! ಆದರೂ ಹದಿನೆಂಟು ವರ್ಷ ತನ್ನೊಡನೆ ಜಗಳವಾಡಿದ ಗೆಳೆಯನ ನಿಲುವಂಗಿಯನ್ನು ಇನ್ನೊಬ್ಬರಿಗೆ ತೊಡಿಸಿ, ಅವರೆದುರು ಅದೇ ಜಗಳ ಆಡಲಾರೆನೆಂದವರನ್ನು ನಾವು ದೂರಲಾರೆವು. ಅವರ ಪಕ್ಷವೇ ನಮ್ಮದು.

1972ರಲ್ಲಿ ಆ ಕಥೆಯನ್ನು ಬೇರೆ ನಿರ್ದೇಶಕರು, ಬೇರೆ ಇಬ್ಬರು ನಟರೊಡನೆ ಮೊದಲಿನಿಂದ ಚಿತ್ರಿಸಿದರು. ಚೆರ್ವಿಯವರು 1974ರ ಜನವರಿ 3ರಂದು ನಿಧನ ಹೊಂದಿದರು. ಆ ಚಿತ್ರಗಳನ್ನು ತೆಗೆದ ಬ್ರೆಶೆಲ್ಲೊ ಊರಿನ ಚೌಕದಲ್ಲಿ ಇಂದು ಇಬ್ಬರ ಕಂಚಿನ ಪ್ರತಿಮೆಗಳಿವೆ. ಗುರುಗಳು ದೇವಾಲಯದ ಮುಂದೆ. ಪೆಪ್ಪೋನೆ ಪುರಸಭೆಯ ಬಳಿ.