ರೇಡಿಯೊ ಮುಳ್ಳಿನ ಎಡದಿಂದ ಬಲಕ್ಕೆ

ಅಮೆರಿಕದ ಕೆಂಟಕಿ ರಾಜ್ಯದ ಆಗ್ನೇಯ ಮೂಲೆಯಲ್ಲಿ ಹಾರ್ಲನ್ ಎಂಬ ಊರಿದೆ. ಸುತ್ತ ಅಪಲೇಚಿಯನ್ ಬೆಟ್ಟಗಳು, ಬೆಟ್ಟಗಳ ಒಡಲಲ್ಲಿ ಕಲ್ಲಿದ್ದಲು. ಆ ಸೀಮೆಯ ಜನಕ್ಕೆ ತಮ್ಮ ರಾಜ್ಯದ ವಿಶ್ವವಿದ್ಯಾಲಯದ ಬಾಸ್ಕೆಟ್‌ಬಾಲ್ ತಂಡವೆಂದರೆ ಪ್ರಾಣ. ಆದರೆ ಲೆಕ್ಸಿಂಗ್ಟನ್ ನಗರಕ್ಕೆ ಹೋಗಿ, ಟಿಕೆಟ್ ಕೊಂಡು ಆಟ ನೋಡುವುದು ಎಲ್ಲರಿಗೂ ಆಗುವ ಮಾತೇ? ಟೆಲಿವಿಷನ್ ಎಲ್ಲ ಪಂದ್ಯಗಳನ್ನೂ ತೋರಿಸುವ ಕಾಲ ಬರುವ ಮುನ್ನ ಅವರಿಗಿದ್ದ ಆಸರೆ ರೇಡಿಯೊ. ದೊಡ್ಡವರು ರಾತ್ರಿ ಊಟ ಮುಗಿಸಿ ಅದರ ಸುತ್ತ ಕೂರುತ್ತಿದ್ದರು. ಮಲಗುವ ಹೊತ್ತು ಮೀರಿದ ಮಕ್ಕಳು ಪುಟ್ಟ ಟ್ರಾನ್ಸಿಸ್ಟರನ್ನು ಹೊದಿಕೆಯೊಳಗೆ ಎಳೆದುಕೊಂಡು, ದನಿ ತಗ್ಗಿಸಿ ಕೇಳುತ್ತಿದ್ದರು. ಎಲ್ಲ ದೇಶದ ಮಕ್ಕಳೂ ಈ ವಿದ್ಯೆಯಲ್ಲಿ ಒಂದೇ.

ಅವರು ಕೇಳುತ್ತಿದ್ದ ದನಿ ಕೇವುಡ್ ಲೆಡ್‌ಫರ್ಡ್ ಅವರದು. 1926ರಲ್ಲಿ ಇದೇ ಹಾರ್ಲನ್ ಸೀಮೆಯಲ್ಲಿ ಹುಟ್ಟಿದ ಅವರು 1953ರಿಂದ 1992ರವರೆಗೆ, ಅಂದರೆ 39 ವರ್ಷ, ಕೆಂಟಕಿ ತಂಡದ ಆಟಗಳ ವೀಕ್ಷಕ ವಿವರಣೆ ಕೊಟ್ಟರು. ಆಟ ಆರಂಭವಾಗುವ ಮುನ್ನ ಅವರು ಒಂದು ವಿಷಯ ತಪ್ಪದೆ ತಿಳಿಸುತ್ತಿದ್ದರು. ಕೆಂಟಕಿ ತಂಡ ನಿಮ್ಮ ರೇಡಿಯೊ ಮುಳ್ಳು ಓಡಾಡುವ ಪಟ್ಟಿಯ ಮೇಲೆ ಎಡದಿಂದ ಬಲಕ್ಕೆ ಆಡುತ್ತದೋ, ಬಲದಿಂದ ಎಡಕ್ಕೋ ಎಂಬುದು.

ಮೇಲುನೋಟಕ್ಕೆ ಇದು ತಮಾಷೆ. ಆದರೆ ಗ್ರಾಫ್ ಕಾಗದದ ಮೇಲೆ ಮೊದಲು ಅಕ್ಷಗಳನ್ನು ಎಳೆಯದೆ ಬಿಂದುವನ್ನು ಗುರುತಿಸಲು ಆಗುವುದಿಲ್ಲ ಎಂಬುದನ್ನು ಹತ್ತನೆಯ ತರಗತಿಯವರು ಬಲ್ಲರು. ಲೆಡ್‌ಫರ್ಡ್ ಮಾಡುತ್ತಿದ್ದುದು ಅದನ್ನೇ. 94 ಅಡಿ ಉದ್ದ, 50 ಅಡಿ ಅಗಲದ ಅಂಕಣವನ್ನು ಕೇಳುಗನ ಮನಸ್ಸಿನಲ್ಲಿ ಹಾಸಿ, ದಿಕ್ಕು ತೋರಿಸಿಬಿಡುತ್ತಿದ್ದರು. ಆಮೇಲೆ 'ಬಲಮೂಲೆಯಿಂದ' ಎಂದರೆ ಸಾಕು, ಚೆಂಡು ಎಲ್ಲಿದೆಯೆಂದು ಕತ್ತಲ ಕೋಣೆಯಲ್ಲಿದ್ದ ಹುಡುಗನಿಗೂ ಕಾಣುತ್ತಿತ್ತು. ಕ್ರಿಕೆಟ್‌ನಲ್ಲಿ ಎರಡು ಎಸೆತಗಳ ನಡುವೆ ವಿವರಣೆಗಾರನಿಗೆ ಉಸಿರಾಡಲು ಬಿಡುವುಂಟು. ಪಾರಿವಾಳ, ಮೋಡ, ಊಟದ ವಿರಾಮ ಎಲ್ಲದರ ಬಗೆಗೂ ಮಾತಾಡಬಹುದು. ಬಾಸ್ಕೆಟ್‌ಬಾಲ್‌ನಲ್ಲಿ ಆ ಐಷಾರಾಮವಿಲ್ಲ. ಚೆಂಡು ಒಂದು ಕ್ಷಣದಲ್ಲಿ ಈ ಬುಟ್ಟಿಯ ಕೆಳಗಿದ್ದರೆ ಮರುಕ್ಷಣ ಆ ತುದಿಯಲ್ಲಿ.

ಇನ್ನು ಆ ದನಿ ಬೆಟ್ಟ ದಾಟಿ ಬರುತ್ತಿದ್ದ ಬಗೆ. ಪಂದ್ಯಗಳನ್ನು ಬಿತ್ತರಿಸುತ್ತಿದ್ದ ಕೇಂದ್ರಗಳಲ್ಲಿ ಮುಖ್ಯವಾದದ್ದು ಲೂಯಿವಿಲ್ ನಗರದ ಡಬ್ಲ್ಯುಎಚ್‌ಎಎಸ್. ಅದರ ಆವೃತ್ತಿ 840 ಕಿಲೋಹರ್ಟ್ಸ್, ಶಕ್ತಿ 50 ಕಿಲೋವ್ಯಾಟ್. ಬೆಳಕಿನ ವೇಗವನ್ನು ಆವೃತ್ತಿಯಿಂದ ಭಾಗಿಸಿ ನೋಡಿ: ಒಂದೊಂದು ಅಲೆಯ ಉದ್ದ ಸುಮಾರು 357 ಮೀಟರ್. ಹಗಲಿನಲ್ಲಿ ಈ ಮಧ್ಯಮ ತರಂಗ ನೆಲವನ್ನು ಅನುಸರಿಸಿಯೇ ಸಾಗಬೇಕು. ಮೇಲಕ್ಕೆ ಹೋದ ಭಾಗ ದಕ್ಕುವುದಿಲ್ಲ. ಏಕೆಂದರೆ ನೆಲದಿಂದ 60ರಿಂದ 90 ಕಿ.ಮೀ. ಎತ್ತರದಲ್ಲಿ ಸೂರ್ಯನ ಕಿರಣಗಳು ಗಾಳಿಯ ಅಣುಗಳಿಂದ ಎಲೆಕ್ಟ್ರಾನುಗಳನ್ನು ಬಿಡಿಸಿ ಒಂದು ಪದರವನ್ನು ಉಂಟುಮಾಡಿರುತ್ತವೆ. ಅದಕ್ಕೆ 'ಡಿ' ಪದರವೆಂದು ಹೆಸರು. ರೇಡಿಯೊ ಅಲೆ ಈ ಎಲೆಕ್ಟ್ರಾನುಗಳನ್ನು ಅಲುಗಿಸುತ್ತದೆ. ಅಲುಗಿದವು ಸುತ್ತಲಿನ ಅಣುಗಳಿಗೆ ಢಿಕ್ಕಿ ಹೊಡೆಯುತ್ತವೆ. ಅಲೆಯ ಶಕ್ತಿಯೆಲ್ಲ ಶಾಖವಾಗಿ ಪೋಲಾಗುತ್ತದೆ.

ಸೂರ್ಯ ಮುಳುಗಿದ ಮೇಲೆ ಕತೆ ಬೇರೆ. ಡಿ ಪದರದಲ್ಲಿ ಗಾಳಿ ಹೆಚ್ಚು ದಟ್ಟವಾಗಿರುವುದರಿಂದ ಬಿಡಿ ಎಲೆಕ್ಟ್ರಾನುಗಳು ಬೇಗನೆ ಮತ್ತೆ ಕೂಡಿಕೊಳ್ಳುತ್ತವೆ, ಪದರ ಕರಗಿಹೋಗುತ್ತದೆ. ಸುಮಾರು 100 ಕಿ.ಮೀ. ಮತ್ತು ಅದರಾಚೆಯ ವಿರಳ ಗಾಳಿಯಲ್ಲಿ ಮಾತ್ರ ಎಲೆಕ್ಟ್ರಾನುಗಳು ಇರುಳೆಲ್ಲ ಉಳಿಯುತ್ತವೆ. ದಾರಿ ತೆರವಾದ ಅಲೆ ಅಲ್ಲಿಯವರೆಗೆ ಹೋಗಿ, ಬಾಗಿ, ನೂರಾರು ಕಿಲೋಮೀಟರ್ ಆಚೆ ನೆಲಕ್ಕಿಳಿಯುತ್ತದೆ. ಹಗಲಿನಲ್ಲಿ ಪಕ್ಕದ ಜಿಲ್ಲೆಗೆ ಮುಟ್ಟದ ಕೇಂದ್ರ ರಾತ್ರಿ ಪಕ್ಕದ ರಾಜ್ಯವನ್ನು ಮುಟ್ಟುತ್ತದೆ. ಒಂದರ ಮೇಲೊಂದು ಬಿದ್ದು ಗದ್ದಲವಾಗದಿರಲೆಂದು ಅಮೆರಿಕದಲ್ಲಿ ಅನೇಕ ಸಣ್ಣ ಕೇಂದ್ರಗಳು ಸೂರ್ಯಾಸ್ತಕ್ಕೆ ಶಕ್ತಿ ತಗ್ಗಿಸಬೇಕು ಅಥವಾ ಬಾಯಿ ಮುಚ್ಚಬೇಕು ಎಂಬ ನಿಯಮವೇ ಇದೆ.

ಇಲ್ಲಿ ಒಂದು ಸೊಗಸಾದ ಕಾಕತಾಳೀಯವನ್ನು ಗಮನಿಸಬೇಕು. ಬಾಸ್ಕೆಟ್‌ಬಾಲ್ ಹುಟ್ಟಿದ್ದೇ ಚಳಿಗಾಲದ ಕಾರಣದಿಂದ. 1891ರ ಡಿಸೆಂಬರಿನಲ್ಲಿ ಸ್ಪ್ರಿಂಗ್‌ಫೀಲ್ಡ್ ಊರಿನ ವೈಎಂಸಿಎ ತರಬೇತಿ ಶಾಲೆಯಲ್ಲಿ ಶಿಕ್ಷಕ ಜೇಮ್ಸ್ ನೈಸ್ಮಿತ್ ಹೊರಗೆ ಆಡಲಾಗದ ಹುಡುಗರಿಗಾಗಿ ಪೀಚ್ ಹಣ್ಣಿನ ಬುಟ್ಟಿಗಳನ್ನು ಬಾಲ್ಕನಿಯ ಕಟಕಟೆಗೆ ಹೊಡೆಸಿ ಈ ಆಟವನ್ನು ರೂಪಿಸಿದರು. ಇಂದಿಗೂ ಕಾಲೇಜು ಪಂದ್ಯಗಳು ನವೆಂಬರಿನಿಂದ ಏಪ್ರಿಲ್ ಮೊದಲ ವಾರದವರೆಗೆ ನಡೆಯುತ್ತವೆ. ಡಿಸೆಂಬರ್ ಕೊನೆಯಲ್ಲಿ ಲೂಯಿವಿಲ್‌ನಲ್ಲಿ ಹಗಲು ಒಂಬತ್ತೂವರೆ ಗಂಟೆ ಮಾತ್ರ. ಸಂಜೆ ಏಳೆಂಟಕ್ಕೆ ಆಟ ಆರಂಭವಾಗುವ ಹೊತ್ತಿಗೆ ಡಿ ಪದರ ಆಗಲೇ ಜಾಗ ಖಾಲಿ ಮಾಡಿರುತ್ತದೆ. ಗುಡುಗು ಸಿಡಿಲು ಕಡಿಮೆಯಾದ್ದರಿಂದ ರೇಡಿಯೊದಲ್ಲಿ ಕರಕರ ಸದ್ದೂ ಕಡಿಮೆ. ಆಟಗಾರರನ್ನು ಸೂರಿನ ಕೆಳಗೆ ಅಟ್ಟಿದ ಭೂಮಿಯ ಓರೆಯೇ ಅವರ ಆಟದ ಸುದ್ದಿಯನ್ನು ದೂರದೂರಿಗೂ ಒಯ್ಯುತ್ತಿತ್ತು!

ಎಲ್ಲವೂ ಸುಗಮವಾಗಿರುತ್ತಿತ್ತು ಎಂದಲ್ಲ. ಕೇಂದ್ರದಿಂದ ಒಂದು ಅಳತೆಯ ದೂರದಲ್ಲಿ ನೆಲದ ಅಲೆಯೂ ಆಕಾಶದ ಅಲೆಯೂ ಹೆಚ್ಚುಕಡಿಮೆ ಸಮಬಲದಲ್ಲಿ ಬಂದು ಸೇರುತ್ತವೆ. ಉಬ್ಬಿಗೆ ಉಬ್ಬು ಕೂಡಿದರೆ ದನಿ ಜೋರು, ಉಬ್ಬಿಗೆ ತಗ್ಗು ಬಿದ್ದರೆ ದನಿ ಮಾಯ. ಮೇಲಿನ ಪದರ ಒಂದೇ ಎತ್ತರದಲ್ಲಿ ನಿಲ್ಲದ ಕಾರಣ ಈ ಏರಿಳಿತ ನಿಮಿಷ ನಿಮಿಷಕ್ಕೂ ಬದಲಾಗುತ್ತದೆ. ಅದೂ ಪಂದ್ಯ ಸಮಬಲವಾಗಿರುವಾಗಲೇ ದನಿ ಮುಳುಗಬೇಕೆ? ರಾತ್ರಿ ಸಿಲೋನ್ ಕೇಂದ್ರಕ್ಕೆ ಕಿವಿಗೊಟ್ಟು, ಹಾಡಿನ ಚರಣ ಬರುವಷ್ಟರಲ್ಲಿ ದನಿ ಕಳೆದುಕೊಂಡ ನಮ್ಮ ಹಿರಿಯರಿಗೆ ಈ ಸಂಕಟವನ್ನು ವಿವರಿಸಬೇಕಾಗಿಲ್ಲ.

ಈಗ ಒಂದು ಲೆಕ್ಕ. ಕ್ರೀಡಾಂಗಣದ ಮೇಲಿನ ಸಾಲಿನಲ್ಲಿ, ಅಂಕಣದಿಂದ 68 ಮೀಟರ್ ದೂರದಲ್ಲಿ ಒಬ್ಬ ಪ್ರೇಕ್ಷಕ ಕುಳಿತಿದ್ದಾನೆ. ಇನ್ನೊಬ್ಬ ಹಾರ್ಲನ್‌ನ ತನ್ನ ಮನೆಯಲ್ಲಿ, ಲೂಯಿವಿಲ್‌ನಿಂದ 250 ಕಿ.ಮೀ.ಗೂ ಆಚೆ ಇದ್ದಾನೆ. ಚೆಂಡು ನೆಲಕ್ಕೆ ಬಡಿದ ಸದ್ದು ಯಾರಿಗೆ ಮೊದಲು ಕೇಳಿಸುತ್ತದೆ? ಗಾಳಿಯಲ್ಲಿ ಶಬ್ದದ ವೇಗ ಸೆಕೆಂಡಿಗೆ ಸುಮಾರು 340 ಮೀಟರ್. ಹಾಗಾಗಿ ಟಿಕೆಟ್ ಕೊಂಡವನಿಗೆ 0.2 ಸೆಕೆಂಡು ಬೇಕು. ಅಂಕಣದ ಪಕ್ಕ ಐದು ಮೀಟರ್ ದೂರದಲ್ಲಿರುವ ಮೈಕ್ರೊಫೋನಿಗೆ ಸದ್ದು 0.015 ಸೆಕೆಂಡಿನಲ್ಲಿ ತಲುಪುತ್ತದೆ. ಅಲ್ಲಿಂದ ತಂತಿಯಲ್ಲಿ ಕೇಂದ್ರಕ್ಕೆ, ಕೇಂದ್ರದಿಂದ ಹಾರ್ಲನ್‌ಗೆ ಹೋಗಲು ಇನ್ನು ಕೆಲವು ಮಿಲಿಸೆಕೆಂಡು. ಆ ಹಳೆಯ ಏರ್ಪಾಡಿನಲ್ಲಿ, ಮನೆಯಲ್ಲಿ ಕಾಲು ಚಾಚಿ ಕುಳಿತವನೇ ಗೆದ್ದ!

ಇಂದು ಇಂಟರ್‌ನೆಟ್ ಮೂಲಕ ಕೇಳುವವರಿಗೆ ಈ ಹೆಮ್ಮೆಯಿಲ್ಲ. ದನಿಯನ್ನು ಅಂಕಿಗಳಾಗಿಸಿ, ಕಂತುಕಂತಾಗಿ ಕಳಿಸಿ, ಕೂಡಿಟ್ಟು ಕೇಳಿಸುವಷ್ಟರಲ್ಲಿ ಹಲವು ಸೆಕೆಂಡುಗಳೇ ಕಳೆಯುತ್ತವೆ. ನಾರ್ತ್ ಕೆರೊಲಿನಾದಲ್ಲಿ 1971ರಿಂದ 2011ರವರೆಗೆ ವಿವರಣೆ ನೀಡಿದ ವುಡಿ ಡರ್ಹಮ್ ಅವರ ಅಭಿಮಾನಿಗಳು ಟಿ.ವಿ.ಯ ದನಿ ಮುಚ್ಚಿ, ಚಿತ್ರಕ್ಕೆ ರೇಡಿಯೊದ ಮಾತನ್ನು ಜೋಡಿಸಿಕೊಂಡು ನೋಡುತ್ತಿದ್ದರು. ಟಿ.ವಿ. ಸಂಕೇತ ಉಪಗ್ರಹ, ಡಿಜಿಟಲ್ ಎಂದು ಸುತ್ತುಹಾದಿ ಹಿಡಿದ ಮೇಲೆ ಎರಡಕ್ಕೂ ತಾಳ ತಪ್ಪಿತು. ಚೆಂಡು ಬುಟ್ಟಿಗೆ ಬಿದ್ದದ್ದು ಕಿವಿಗೆ ಗೊತ್ತಾಗಿರುತ್ತಿತ್ತು, ಕಣ್ಣಿಗೆ ಇನ್ನೂ ಇಲ್ಲ.

ಲೆಡ್‌ಫರ್ಡ್ ಕೆಂಟಕಿಗಾಗಿ ಕೊನೆಯ ಸಲ ಮಾತಾಡಿದ್ದು 1992ರ ಮಾರ್ಚ್ 28ರಂದು. ಫಿಲಡೆಲ್ಫಿಯಾದಲ್ಲಿ ಡ್ಯೂಕ್ ವಿಶ್ವವಿದ್ಯಾಲಯದ ಎದುರು ಪಂದ್ಯ. ಸಮವಾಗಿ ಮುಗಿದು ಹೆಚ್ಚುವರಿ ಅವಧಿಗೆ ಹೋಯಿತು. 2.1 ಸೆಕೆಂಡು ಉಳಿದಿದ್ದಾಗ ಕೆಂಟಕಿ 103–102ರಿಂದ ಮುಂದಿತ್ತು. ಆಗ ಡ್ಯೂಕ್‌ನ ಗ್ರಾಂಟ್ ಹಿಲ್ ತಮ್ಮ ತುದಿಯಿಂದ ಚೆಂಡನ್ನು ಆಚೆ ತುದಿಯ ಕಡೆಗೆ ಬೀಸಿ ಒಗೆದರು. ಚೆಂಡು ಗಾಳಿಯಲ್ಲಿದ್ದಷ್ಟು ಹೊತ್ತು ಗಡಿಯಾರ ಓಡುವುದಿಲ್ಲ, ಅಂಕಣದೊಳಗೆ ಯಾರಾದರೂ ಮುಟ್ಟಿದ ಮೇಲೆಯೇ ಓಟ. ಕ್ರಿಶ್ಚಿಯನ್ ಲೇಟ್ನರ್ ಹಿಡಿದರು, ಒಮ್ಮೆ ಪುಟಿಸಿದರು, ತಿರುಗಿ ಎಸೆದರು. 104–103. ಅಂದು ಲೇಟ್ನರ್ ಆಟದ ನಡುವೆ ಹತ್ತು ಸಲ ಎಸೆದು ಹತ್ತನ್ನೂ ಬುಟ್ಟಿಗೆ ಹಾಕಿದ್ದರು. ಹತ್ತು ಫ್ರೀ ಥ್ರೋಗಳಲ್ಲೂ ಹತ್ತು.

ಹಾರ್ಲನ್‌ನ ಮನೆಗಳಲ್ಲಿ ಆ ಕ್ಷಣ ಹೇಗಿದ್ದಿರಬಹುದೆಂದು ಊಹಿಸಬಹುದು. ಸೋಲಿನ ಸುದ್ದಿಯ ಜೊತೆಗೆ, 39 ವರ್ಷ ಕೇಳಿದ ದನಿ ಇನ್ನು ಬರುವುದಿಲ್ಲ ಎಂಬ ಅರಿವು. ಆಗ ಗೆದ್ದ ತಂಡದ ತರಬೇತುದಾರ ಮೈಕ್ ಶೆಶೆಫ್‌ಸ್ಕಿ ತಮ್ಮ ಹುಡುಗರ ಸಂಭ್ರಮವನ್ನು ಬಿಟ್ಟು ಲೆಡ್‌ಫರ್ಡ್ ಅವರ ಮೇಜಿನ ಬಳಿಗೆ ಬಂದರು. ಆ ಮೈಕಿನ ಮುಂದೆ ಕುಳಿತು ಕೆಂಟಕಿಯ ಕೇಳುಗರೊಡನೆ ಮಾತಾಡಿದರು. ಸೋತವರ ಮನೆಯೊಳಗೆ ಹೋಗಿ ಬರಲು ಅವರಿಗೆ ಆ ರಾತ್ರಿ ಇದ್ದ ಬಾಗಿಲು ಅದೊಂದೇ. ಲೆಡ್‌ಫರ್ಡ್ 2001ರಲ್ಲಿ ತೀರಿಕೊಂಡರು. ಕೆಂಟಕಿ ತಂಡ ಆಡುವ ರಪ್ ಅರೀನಾದ ಅಂಕಣಕ್ಕೆ ಅದೇ ವರ್ಷ ಅವರ ಹೆಸರಿಟ್ಟರು, ಒಮ್ಮೆಯೂ ಆಟಗಾರನಾಗಿ ಅಲ್ಲಿ ಚೆಂಡು ಪುಟಿಸದವರ ಹೆಸರು.

ಡಿ ಪದರ ಕರಗುವುದನ್ನು ವಿದ್ಯಾರ್ಥಿಗಳು ಮನೆಯಲ್ಲೇ ಪರೀಕ್ಷಿಸಬಹುದು. ಮಧ್ಯಮ ತರಂಗ ಹಿಡಿಯುವ ಹಳೆಯ ರೇಡಿಯೊ ಅಟ್ಟದಲ್ಲಿದ್ದರೆ ಇಳಿಸಿ, ಸೆಲ್ ಹಾಕಿ. ಮೊಬೈಲ್ ಚಾರ್ಜರ್, ಎಲ್‌ಇಡಿ ದೀಪಗಳನ್ನು ಆರಿಸಿ, ಅವುಗಳ ಗೊರಗೊರ ಸದ್ದಿನಲ್ಲಿ ದೂರದ ಕೇಂದ್ರ ಕೇಳಿಸದು. ಮಧ್ಯಾಹ್ನ ಹನ್ನೆರಡಕ್ಕೆ ಮುಳ್ಳನ್ನು ಎಡದಿಂದ ಬಲಕ್ಕೆ ನಿಧಾನವಾಗಿ ತಿರುಗಿಸಿ, ಎಷ್ಟು ಕೇಂದ್ರ ಸಿಕ್ಕಿದವೆಂದು ಬರೆದಿಡಿ. ಮತ್ತೆ ರಾತ್ರಿ ಒಂಬತ್ತರ ಮೇಲೆ ಅದೇ ಜಾಗದಲ್ಲಿ ಕುಳಿತು ಎಣಿಸಿ. ದನಿ ಮುಳುಗಿದರೆ ರೇಡಿಯೊವನ್ನೇ ಕಾಲು ಸುತ್ತು ತಿರುಗಿಸಿ ನೋಡಿ, ಒಳಗಿರುವ ಫೆರೈಟ್ ಸರಳಿಗೆ ದಿಕ್ಕು ಗೊತ್ತಾಗುತ್ತದೆ. ಅಂದೊಂದು ರಾತ್ರಿ ಮಲಗುವ ಹೊತ್ತನ್ನು ಅರ್ಧ ಗಂಟೆ ಮುಂದೂಡಲು ತಂದೆತಾಯಂದಿರು ಒಪ್ಪಬೇಕು, ಅಷ್ಟೆ.